ಆರೋಗ್ಯ ಪ್ರಶ್ನೋತ್ತರ: ಹಗಲು ಹೊತ್ತಿನ ತಡೆಯಲಾಗದ ನಿದ್ದೆ

ರಾತ್ರಿ ನಿದ್ದೆ ಬಾರದವರ ತೊಂದರೆಗಳನ್ನು ಕಳೆದ ಸಂಚಿಕೆಯಲ್ಲಿ ಚರ್ಚಿಸಿದ ಮೇಲೆ ಅದಕ್ಕೆ ತದ್ವಿರುದ್ಧವಾದ ತೊಂದರೆಯ ಬಗ್ಗೆ, ಎಂದರೆ ಹಗಲಿನಲ್ಲಿ ಎಚ್ಚರವಾಗಿರಲು ಆಗದಿರುವುದರ ಬಗ್ಗೆ, ಹಲವರು ಬರೆದಿದ್ದಾರೆ. ಬಹುತೇಕ ಪತ್ರಗಳಲ್ಲಿ ಒಂದು ಸಂಗತಿ ಸಮಾನವಾಗಿದೆ. ಮನೆಯವರೋ ಶಿಕ್ಷಕರೋ ಮೇಲಧಿಕಾರಿಗಳೋ ಈ ನಿದ್ದೆಯನ್ನು ಸೋಮಾರಿತನವೆಂದು ತೀರ್ಮಾನಿಸಿದ್ದಾರೆ. ಬರೆದವರೂ ಆ ಮಾತನ್ನು ಅರ್ಧದಷ್ಟು ನಂಬಿಕೊಂಡಿದ್ದಾರೆ. ರಾತ್ರಿ ಸಾಕಷ್ಟು ಹೊತ್ತು ಮಲಗಿಯೂ ತಿಂಗಳುಗಟ್ಟಲೆ ಹಗಲಿನಲ್ಲಿ ನಿದ್ದೆಯನ್ನು ತಡೆಯಲಾಗದಿದ್ದರೆ, ಜ್ವರ ಬಂದಾಗ ಕಾರಣ ಹುಡುಕುವಷ್ಟೇ ಶ್ರದ್ಧೆಯಿಂದ ಅದಕ್ಕೂ ಕಾರಣ ಹುಡುಕಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. ಓದುಗರ ಹೆಸರುಗಳನ್ನು ಕೈಬಿಟ್ಟು, ಪತ್ರಗಳನ್ನು ಸಂಕ್ಷೇಪಿಸಿ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: ನನ್ನ ಮಗಳಿಗೆ 14 ವರ್ಷ, ಒಂಬತ್ತನೇ ತರಗತಿಯಲ್ಲಿದ್ದಾಳೆ. ಒಂದೂವರೆ ವರ್ಷದಿಂದ ತರಗತಿಯಲ್ಲಿ, ಬಸ್ಸಿನಲ್ಲಿ, ಊಟದ ತಟ್ಟೆಯ ಮುಂದೆಯೂ ನಿದ್ದೆ ಹೋಗುತ್ತಾಳೆ. ನೋಟ್ಸ್ ಬರೆಯುತ್ತಿರುವಾಗ ಅಕ್ಷರಗಳು ಗೆರೆಗಳಾಗಿ ಜಾರಿ ಹೋಗಿರುತ್ತವೆ. ದಪ್ಪವೂ ಆಗಿದ್ದಾಳೆ. ಅವಳ ತಮ್ಮ ಏನಾದರೂ ತಮಾಷೆ ಮಾಡಿದಾಗ ನಗುತ್ತ ನಗುತ್ತ ಗಲ್ಲ ಜೋತು ಬಿದ್ದು, ಮೊಣಕಾಲು ಕುಸಿದು ಕೂತುಬಿಡುತ್ತಾಳೆ. ಅರ್ಧ ನಿಮಿಷದಲ್ಲಿ ಸರಿಹೋಗುತ್ತಾಳೆ. ಫಿಟ್ಸ್ ಎಂದು ಹೇಳಿ ಮಾತ್ರೆ ಕೊಟ್ಟಿದ್ದಾರೆ, ಮೆದುಳಿನ ಅಲೆಗಳನ್ನು ನೋಡುವ ಇಇಜಿ ಪರೀಕ್ಷೆಯಲ್ಲಿ ಏನೂ ಕಂಡುಬಂದಿಲ್ಲ. ಮಾತ್ರೆ ಶುರುವಾದ ಮೇಲೆ ನಿದ್ದೆ ಇನ್ನೂ ಜಾಸ್ತಿಯಾಗಿದೆ. ನಮ್ಮ ಅತ್ತೆಯವರು ತಾಯತ ಕಟ್ಟಿಸಿದ್ದಾರೆ. ಶಾಲೆಯಲ್ಲಿ ಬೆಂಚಿನ ಮೇಲೆ ನಿಲ್ಲಿಸುತ್ತಾರೆ. ನಾವು ಏನು ಮಾಡಬೇಕು?
(ಗೃಹಿಣಿ, ಅರಸೀಕೆರೆ)

ಉತ್ತರ: ತಾಯಿ, ಪತ್ರವನ್ನು ಓದಿ ರೋಗನಿರ್ಣಯ ಮಾಡುವುದು ಸರಿಯಲ್ಲ. ಆದರೂ ನೀವು ಅಷ್ಟು ಗಮನವಿಟ್ಟು ನೋಡಿ ಬರೆದಿರುವ ವಿವರಗಳೆಲ್ಲ ನಾರ್ಕೊಲೆಪ್ಸಿ ಎಂಬ ನರಸಂಬಂಧಿ ಕಾಯಿಲೆಯ ಕಡೆಗೆ ಬೆರಳು ತೋರಿಸುತ್ತಿವೆ. ನಗು ಬಂದಾಗ ಗಲ್ಲ ಜೋತು ಬಿದ್ದು ಮೊಣಕಾಲು ಕುಸಿಯುವುದಕ್ಕೆ ಕ್ಯಾಟಪ್ಲೆಕ್ಸಿ ಎನ್ನುತ್ತಾರೆ. ಹಗಲಿನ ತಡೆಯಲಾಗದ ನಿದ್ದೆಯ ಜೊತೆಗೆ ಇದೂ ಇದ್ದರೆ ನಾರ್ಕೊಲೆಪ್ಸಿಯ ಸಂಭವ ಬಹಳ ಹೆಚ್ಚು. ಬೇರೆ ಯಾವುದೇ ಕಾಯಿಲೆಯಲ್ಲಿ ಈ ಜೋಡಿ ಕಾಣಸಿಗುವುದು ಅತಿ ವಿರಳ.

ಇದು ಫಿಟ್ಸ್ ಹೌದೋ ಅಲ್ಲವೋ ಎಂಬ ಪ್ರಶ್ನೆಗೆ ಮಗಳೇ ಅರ್ಧ ಉತ್ತರ ಕೊಡಬಲ್ಲಳು. ಕುಸಿದು ಕೂತಿರುವಾಗ ಸುತ್ತಲಿನವರ ಮಾತು ಅವಳಿಗೆ ಕೇಳಿಸುತ್ತಿತ್ತೇ, ಆಮೇಲೆ ಅದನ್ನೆಲ್ಲ ಹೇಳಬಲ್ಲಳೇ ಎಂದು ಸಮಾಧಾನವಾಗಿ ಕೇಳಿ. ಕ್ಯಾಟಪ್ಲೆಕ್ಸಿಯಲ್ಲಿ ಪ್ರಜ್ಞೆ ಪೂರ್ತಿ ಇರುತ್ತದೆ, ಸ್ನಾಯುಗಳ ಬಿಗಿ ಮಾತ್ರ ಕೆಲವು ಸೆಕೆಂಡುಗಳಿಂದ ಒಂದೆರಡು ನಿಮಿಷಗಳವರೆಗೆ ಕಳಚಿಹೋಗುತ್ತದೆ, ಮತ್ತು ಅದು ನಗು, ಅಚ್ಚರಿ, ಕೆಲವೊಮ್ಮೆ ಕೋಪದಂಥ ಭಾವನೆಯ ಬೆನ್ನಿಗೇ ಬರುತ್ತದೆ. ಮೈಯೆಲ್ಲ ಸೆಟೆದು ಅದುರುವ ಫಿಟ್ಸ್‌ನಲ್ಲಿ ಪ್ರಜ್ಞೆ ತಪ್ಪುತ್ತದೆ, ನಾಲಿಗೆ ಕಚ್ಚಿಕೊಳ್ಳುವುದು ಅಥವಾ ಬಟ್ಟೆಯಲ್ಲೇ ಮೂತ್ರವಾಗುವುದು ಉಂಟು, ಎಚ್ಚರವಾದ ಮೇಲೂ ಸ್ವಲ್ಪ ಹೊತ್ತು ಮಂಕು ಕವಿದಿರುತ್ತದೆ. ಮಕ್ಕಳಲ್ಲಿ ಕ್ಯಾಟಪ್ಲೆಕ್ಸಿ ಕೆಲವೊಮ್ಮೆ ನಗುವಿಲ್ಲದೆಯೂ ಕಾಣಿಸಿಕೊಳ್ಳುತ್ತದೆ: ರೆಪ್ಪೆಗಳು ಇಳಿದು, ಬಾಯಿ ತೆರೆದು, ನಾಲಿಗೆ ಹೊರಚಾಚಿ ಮುಖವೇ ಸಡಿಲಗೊಂಡಂತೆ ತೋರುತ್ತದೆ; ನೋಡಿದವರು ಅದನ್ನು ಮಗುವಿನ ಕೆಟ್ಟ ಅಭ್ಯಾಸವೆಂದು ಭಾವಿಸುತ್ತಾರೆ. ಮುಂದಿನ ಸಲ ಹೀಗಾದಾಗ ಮೊಬೈಲಿನಲ್ಲಿ ಚಿತ್ರೀಕರಿಸಿಕೊಳ್ಳಿ. ಹತ್ತು ಪುಟದ ವರದಿಗಿಂತ ಅರ್ಧ ನಿಮಿಷದ ಆ ವಿಡಿಯೊ ವೈದ್ಯರಿಗೆ ಹೆಚ್ಚು ಉಪಯೋಗಕ್ಕೆ ಬರುತ್ತದೆ.

ಫಿಟ್ಸ್ ಮಾತ್ರೆಗಳಲ್ಲಿ ಹಲವು ತಾವೇ ನಿದ್ದೆ ತರಿಸುವಂಥವು, ಕೆಲವು ತೂಕವನ್ನೂ ಏರಿಸುತ್ತವೆ. ಹಾಗೆಂದು ನೀವಾಗಿಯೇ ಅವನ್ನು ನಿಲ್ಲಿಸಬೇಡಿ. ಒಮ್ಮೆಲೇ ನಿಲ್ಲಿಸಿದರೆ ನಿಜವಾದ ಫಿಟ್ಸ್ ಬರುವ ಅಪಾಯವಿದೆ. ನರರೋಗ ತಜ್ಞರ ಬಳಿ ವಿಡಿಯೊ ಸಹಿತ ಹೋಗಿ, ನಾರ್ಕೊಲೆಪ್ಸಿ ಇರಬಹುದೇ ಎಂದು ನೇರವಾಗಿ ಕೇಳಿ. ಕೇಳಲು ಸಂಕೋಚಪಡಬೇಡಿ. ಯುರೋಪ್ ಮತ್ತು ಅಮೆರಿಕದಲ್ಲಿ ಸುಮಾರು 2000 ಜನರಲ್ಲಿ ಒಬ್ಬರಿಗೆ ಈ ಕಾಯಿಲೆ ಇದೆಯೆಂಬ ಅಂದಾಜಿದೆ. ಅಲ್ಲಿಯೂ ಮೊದಲ ಲಕ್ಷಣ ಕಾಣಿಸಿಕೊಂಡ ದಿನದಿಂದ ರೋಗನಿರ್ಣಯದವರೆಗೆ ಎಷ್ಟೋ ಸಲ ಎಂಟು ಹತ್ತು ವರ್ಷಗಳೇ ಕಳೆದುಹೋಗಿರುತ್ತವೆ. ಓದಿನ ವಯಸ್ಸೆಲ್ಲ ಆ ಕಾಯುವಿಕೆಯಲ್ಲೇ ಮುಗಿಯುತ್ತದೆ ಎಂಬುದು ನನ್ನನ್ನು ತೀವ್ರವಾಗಿ ಕಾಡುವ ವಿಷಯ.

ಪರೀಕ್ಷೆಯ ಕ್ರಮವನ್ನು ತಿಳಿದಿರುವುದು ಒಳ್ಳೆಯದು. ಒಂದೆರಡು ವಾರ ಮಗಳು ಎಷ್ಟು ಗಂಟೆಗೆ ಮಲಗಿದಳು, ಎಷ್ಟಕ್ಕೆ ಎದ್ದಳು, ಹಗಲಿನಲ್ಲಿ ಯಾವಾಗ ನಿದ್ದೆ ಹೋದಳು ಎಂಬುದನ್ನು ದಿನವೂ ಬರೆದಿಡಬೇಕು. ನಂತರ ಒಂದು ರಾತ್ರಿ ನಿದ್ರಾ ಪ್ರಯೋಗಾಲಯದಲ್ಲಿ ಮಲಗಿಸಿ ಮೆದುಳಿನ ಅಲೆಗಳು, ಕಣ್ಣಿನ ಚಲನೆ, ಉಸಿರಾಟ, ಆಮ್ಲಜನಕದ ಮಟ್ಟ ಎಲ್ಲವನ್ನೂ ದಾಖಲಿಸುತ್ತಾರೆ, ಇದು ಪಾಲಿಸೋಮ್ನೋಗ್ರಫಿ. ಮರುದಿನ ಬೆಳಿಗ್ಗೆಯಿಂದ ಎರಡೆರಡು ಗಂಟೆಗಳ ಅಂತರದಲ್ಲಿ ನಾಲ್ಕೈದು ಸಲ ಕತ್ತಲೆ ಕೋಣೆಯಲ್ಲಿ ಮಲಗಲು ಅವಕಾಶ ಕೊಟ್ಟು, ಎಷ್ಟು ನಿಮಿಷದಲ್ಲಿ ನಿದ್ದೆ ಬರುತ್ತದೆ ಮತ್ತು ಎಷ್ಟು ಬೇಗ ಕನಸಿನ ನಿದ್ದೆಗೆ ಜಾರುತ್ತಾಳೆ ಎಂಬುದನ್ನು ಅಳೆಯುತ್ತಾರೆ; ಇದನ್ನು ಎಂಎಸ್‌ಎಲ್‌ಟಿ ಎನ್ನುತ್ತಾರೆ. ಸರಾಸರಿ ಎಂಟು ನಿಮಿಷದೊಳಗೆ ನಿದ್ದೆ ಬಂದು, ಕನಿಷ್ಠ ಎರಡು ಸಲ ನಿದ್ದೆ ಹತ್ತಿದ 15 ನಿಮಿಷಗಳಲ್ಲೇ ಕನಸಿನ ನಿದ್ದೆ ಶುರುವಾದರೆ ನಾರ್ಕೊಲೆಪ್ಸಿ ಎಂದು ಹೇಳಲು ಬಲವಾದ ಆಧಾರ ಸಿಕ್ಕಂತೆ. ಆರೋಗ್ಯವಂತರು ಆ ಹಂತಕ್ಕೆ ಬರಲು ಸಾಮಾನ್ಯವಾಗಿ ಒಂದೂವರೆ ಗಂಟೆಯಷ್ಟು ಬೇಕು. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ನಿದ್ರಾ ಸಮಸ್ಯೆಗಳ ತಪಾಸಣೆಯ ವ್ಯವಸ್ಥೆ ಇದೆ. ಖಾಸಗಿ ಆಸ್ಪತ್ರೆಗೆ ಹೋಗುವುದಾದರೆ ಹಗಲಿನ ಎಂಎಸ್‌ಎಲ್‌ಟಿ ಪರೀಕ್ಷೆಯನ್ನೂ ಮಾಡುತ್ತಾರೆಯೇ ಎಂದು ಮೊದಲೇ ವಿಚಾರಿಸಿಕೊಳ್ಳಿ. ಗೊರಕೆಯ ತಪಾಸಣೆಗೆಂದಷ್ಟೇ ಸಜ್ಜಾದ ಕೇಂದ್ರಗಳೂ ಇವೆ.

ಚಿಕಿತ್ಸೆಯ ಮೊದಲ ಭಾಗ ನಿಮ್ಮ ಮತ್ತು ಶಾಲೆಯ ಕೈಯಲ್ಲಿದೆ. ರಾತ್ರಿ ಒಂದೇ ಹೊತ್ತಿಗೆ ಮಲಗಿ ಒಂದೇ ಹೊತ್ತಿಗೆ ಏಳುವ ಕ್ರಮ ಇರಲಿ. ಮಧ್ಯಾಹ್ನದ ಊಟದ ಬಿಡುವಿನಲ್ಲಿ 15ರಿಂದ 20 ನಿಮಿಷ, ಸಾಧ್ಯವಾದರೆ ಶಾಲೆಯಿಂದ ಬಂದ ಕೂಡಲೇ ಇನ್ನೊಮ್ಮೆ, ಮಲಗಲು ಬಿಡಿ. ನಾರ್ಕೊಲೆಪ್ಸಿ ಇರುವವರಿಗೆ ಈ ಚಿಕ್ಕ ನಿದ್ದೆ ನಿಜಕ್ಕೂ ಚೇತರಿಕೆ ಕೊಡುತ್ತದೆ. ಬೆಂಚಿನ ಮೇಲೆ ನಿಲ್ಲಿಸುವುದನ್ನು ಇಂದೇ ತಪ್ಪಿಸಬೇಕು. ಕ್ಯಾಟಪ್ಲೆಕ್ಸಿ ಇರುವ ಮಗು ಎತ್ತರದಿಂದ ಕುಸಿದರೆ ತಲೆಗೆ ಪೆಟ್ಟಾಗುತ್ತದೆ. ವೈದ್ಯರಿಂದ ಮುಖ್ಯೋಪಾಧ್ಯಾಯರಿಗೆ ಒಂದು ಪತ್ರ ಬರೆಸಿಕೊಳ್ಳಿ, ತರಗತಿ ಶಿಕ್ಷಕರನ್ನು ಎದುರಿಗೆ ಕೂರಿಸಿಕೊಂಡು ನೀವೇ ವಿವರಿಸಿ. ಕೆರೆ, ಬಾವಿ, ಈಜುಕೊಳದ ಬಳಿ, ಒಲೆಯ ಮುಂದೆ ಅವಳೊಬ್ಬಳೇ ಇರುವುದು ಸದ್ಯಕ್ಕೆ ಬೇಡ.

ಔಷಧಗಳಲ್ಲಿ ಎಚ್ಚರವನ್ನು ಕಾಪಾಡುವ ಮೊಡಾಫಿನಿಲ್ ಮತ್ತು ಮಿಥೈಲ್‌ಫೆನಿಡೇಟ್, ಕ್ಯಾಟಪ್ಲೆಕ್ಸಿಯನ್ನು ತಡೆಯುವ ವೆನ್ಲಾಫಾಕ್ಸಿನ್, ಫ್ಲೂಯೋಕ್ಸೆಟಿನ್, ಕ್ಲೋಮಿಪ್ರಮೀನ್ ಮುಂತಾದವು ಹಲವು ವರ್ಷಗಳಿಂದ ಬಳಕೆಯಲ್ಲಿವೆ. ಮೊಡಾಫಿನಿಲ್‌ನಿಂದ ಅಪರೂಪಕ್ಕೆ ಚರ್ಮದ ಗಂಭೀರ ದದ್ದು ಬರುವುದರಿಂದ ಮಕ್ಕಳಿಗೆ ಕೊಡುವಾಗ ತಜ್ಞರು ಹೆಚ್ಚು ಎಚ್ಚರ ವಹಿಸುತ್ತಾರೆ. ರಾತ್ರಿ ಹೊತ್ತು ಕೊಡುವ ಸೋಡಿಯಂ ಆಕ್ಸಿಬೇಟ್ ಎಂಬ ಔಷಧಕ್ಕೆ ಅಮೆರಿಕದಲ್ಲಿ 2018ರಿಂದ ಏಳು ವರ್ಷ ಮೇಲ್ಪಟ್ಟ ಮಕ್ಕಳಲ್ಲಿಯೂ ಅನುಮತಿಯಿದೆ. ಯಾವುದು, ಎಷ್ಟು ಎಂಬುದನ್ನು ಮಗುವಿನ ತೂಕ, ರಕ್ತದೊತ್ತಡ, ಹೃದಯದ ಸ್ಥಿತಿ ನೋಡಿ ತಜ್ಞರೇ ನಿರ್ಧರಿಸಬೇಕು. ಅತ್ತೆಯವರು ಕಟ್ಟಿಸಿದ ತಾಯತದ ಬಗ್ಗೆ ಮನೆಯಲ್ಲಿ ಜಗಳ ಬೇಡ. ಅದು ಕೈಯಲ್ಲಿರಲಿ, ಆಸ್ಪತ್ರೆಯ ದಾರಿ ಮಾತ್ರ ತಡವಾಗದಿರಲಿ.

ಪ್ರಶ್ನೆ: ನನ್ನ ಮೊಮ್ಮಗನಿಗೆ ನಾರ್ಕೊಲೆಪ್ಸಿ ಇದೆಯೆಂದು ಪತ್ತೆಯಾಗಿದೆ. ಮೆದುಳಿನ ಎಂಆರ್‌ಐ ಸರಿಯಾಗಿಯೇ ಇದೆ. ಹಾಗಾದರೆ ಕೆಟ್ಟಿರುವುದು ಏನು? ಇದು ಗುಣವಾಗುತ್ತದೆಯೇ?
(ನಿವೃತ್ತ ಶಿಕ್ಷಕರು, ಧಾರವಾಡ)

ಉತ್ತರ: ಗುರುಗಳೇ, ಈ ಕಾಯಿಲೆಗೆ ನಾರ್ಕೊಲೆಪ್ಸಿ ಎಂಬ ಹೆಸರನ್ನು 1880ರಲ್ಲಿ ಫ್ರಾನ್ಸಿನ ವೈದ್ಯ ಜೆಲಿನೊ ಕೊಟ್ಟರೂ ಕಾರಣ ತಿಳಿಯಲು ನೂರು ವರ್ಷಕ್ಕೂ ಹೆಚ್ಚು ಕಾಲ ಹಿಡಿಯಿತು. 1998ರಲ್ಲಿ ಎರಡು ಸಂಶೋಧನಾ ತಂಡಗಳು ಒಂದನ್ನೊಂದು ಅವಲಂಬಿಸದೆ ಮೆದುಳಿನ ಒಂದೇ ರಾಸಾಯನಿಕವನ್ನು ಕಂಡುಹಿಡಿದವು. ಒಂದು ತಂಡ ಅದನ್ನು ಹೈಪೊಕ್ರೆಟಿನ್ ಎಂದಿತು, ಇನ್ನೊಂದು ಒರೆಕ್ಸಿನ್ ಎಂದಿತು. ಮರುವರ್ಷವೇ ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಎಮ್ಯಾನುಯೆಲ್ ಮಿಗ್ನೋ ಅವರ ತಂಡ, ವಂಶಪಾರಂಪರ್ಯವಾಗಿ ನಾರ್ಕೊಲೆಪ್ಸಿ ಇದ್ದ ಡಾಬರ್‌ಮನ್ ಮತ್ತು ಲ್ಯಾಬ್ರಡಾರ್ ನಾಯಿಗಳಲ್ಲಿ ಈ ರಾಸಾಯನಿಕವನ್ನು ಗ್ರಹಿಸುವ ಗ್ರಾಹಕದ ಜೀನ್ ಕೆಟ್ಟಿರುವುದನ್ನು ತೋರಿಸಿತು. ಜಪಾನಿನ ಮಸಾಶಿ ಯಾನಗಿಸಾವ ಅವರ ತಂಡ ಒರೆಕ್ಸಿನ್ ಇಲ್ಲದ ಇಲಿಗಳಲ್ಲಿ ಅದೇ ಬಗೆಯ ಕಾಯಿಲೆಯನ್ನು ಕಂಡಿತು. 2000ದ ಹೊತ್ತಿಗೆ ಮನುಷ್ಯರಲ್ಲಿಯೂ ಸಂಗತಿ ಸ್ಪಷ್ಟವಾಯಿತು: ಕ್ಯಾಟಪ್ಲೆಕ್ಸಿ ಸಹಿತ ನಾರ್ಕೊಲೆಪ್ಸಿ ಇರುವವರ ಮೆದುಳಿನಲ್ಲಿ ಒರೆಕ್ಸಿನ್ ತಯಾರಿಸುವ ನರಕೋಶಗಳು ಬಹುಪಾಲು ನಾಶವಾಗಿರುತ್ತವೆ. ಮಿಗ್ನೋ ಮತ್ತು ಯಾನಗಿಸಾವ ಇಬ್ಬರಿಗೂ ಈ ಕೆಲಸಕ್ಕಾಗಿ 2023ರ ಬ್ರೇಕ್‌ಥ್ರೂ ಪ್ರಶಸ್ತಿ ಸಂದಿತು.

ಹೈಪೊಥಲಮಸ್ ಎಂಬ ಭಾಗದಲ್ಲಿರುವ ಈ ನರಕೋಶಗಳ ಸಂಖ್ಯೆ ಮೆದುಳಿನ ಒಟ್ಟು ಲೆಕ್ಕದಲ್ಲಿ ಬಹಳ ಸಣ್ಣದು, ಕೆಲವು ಹತ್ತು ಸಾವಿರಗಳಷ್ಟೇ. ಅಷ್ಟು ಸಣ್ಣ ಗುಂಪು ಎಂಆರ್‌ಐ ಚಿತ್ರದಲ್ಲಿ ಕಾಣಿಸುವಂಥದ್ದಲ್ಲ. ಆದರೆ ಎಚ್ಚರವೆಂಬ ಬಾಗಿಲು ಗಾಳಿಗೆ ತಾನಾಗಿ ಮುಚ್ಚಿಕೊಳ್ಳದಂತೆ ಹಿಡಿದಿಡುವ ಅಗಣಿ ಅದೇ. ಅದು ಕಳಚಿದರೆ ನಿದ್ದೆ ಎಚ್ಚರದೊಳಕ್ಕೂ ಎಚ್ಚರ ನಿದ್ದೆಯೊಳಕ್ಕೂ ಮತ್ತೆ ಮತ್ತೆ ನುಗ್ಗುತ್ತವೆ. ನಾರ್ಕೊಲೆಪ್ಸಿ ಇರುವವರು ಹಗಲಿನಲ್ಲಿ ತೂಕಡಿಸುವುದಷ್ಟೇ ಅಲ್ಲದೆ ರಾತ್ರಿ ಪದೇಪದೇ ಎಚ್ಚರಗೊಳ್ಳುವುದೂ ಇದರಿಂದಲೇ. ಕನಸು ಕಾಣುವಾಗ ನಾವು ಎದ್ದು ಓಡದಂತೆ ಪ್ರಕೃತಿ ಸ್ನಾಯುಗಳನ್ನು ಸಡಿಲಗೊಳಿಸುತ್ತದೆ. ಆ ಸಡಿಲಿಕೆ ಎಚ್ಚರದ ನಡುವೆ ನುಗ್ಗಿದರೆ ಅದೇ ಕ್ಯಾಟಪ್ಲೆಕ್ಸಿ.

ಕೋಶಗಳು ಏಕೆ ನಾಶವಾಗುತ್ತವೆ ಎಂಬುದಕ್ಕೆ ಈಗಿರುವ ಪುರಾವೆಗಳು ದೇಹದ ರೋಗನಿರೋಧಕ ವ್ಯವಸ್ಥೆಯೇ ತಪ್ಪಾಗಿ ದಾಳಿ ಮಾಡುವುದನ್ನು ಸೂಚಿಸುತ್ತವೆ. ಕ್ಯಾಟಪ್ಲೆಕ್ಸಿ ಇರುವ ರೋಗಿಗಳಲ್ಲಿ ಬಹುತೇಕ ಎಲ್ಲರೂ ರೋಗನಿರೋಧಕ ವ್ಯವಸ್ಥೆಗೆ ಸಂಬಂಧಿಸಿದ ಎಚ್‌ಎಲ್‌ಎ ಎಂಬ ಜೀನಿನ ಒಂದು ನಿರ್ದಿಷ್ಟ ಮಾದರಿಯನ್ನು ಹೊತ್ತಿರುತ್ತಾರೆ. ಆರೋಗ್ಯವಂತರಲ್ಲಿಯೂ ಆ ಜೀನ್ ಸಾಕಷ್ಟು ಸಾಮಾನ್ಯವಾದ್ದರಿಂದ, ಆ ರಕ್ತಪರೀಕ್ಷೆಯೊಂದನ್ನೇ ನಂಬಿ ರೋಗವಿದೆ ಎನ್ನಲಾಗದು. 2009ರ ಎಚ್1ಎನ್1 ಜ್ವರದ ಅಲೆಯ ನಂತರ ಚೀನಾದಲ್ಲಿ ಹೊಸ ರೋಗಿಗಳ ಸಂಖ್ಯೆ ಏರಿತ್ತು. ಫಿನ್ಲೆಂಡ್ ಮತ್ತು ಸ್ವೀಡನ್ನಿನಲ್ಲಿ ಆಗ ಬಳಸಿದ ಪ್ಯಾಂಡೆಮ್ರಿಕ್ಸ್ ಎಂಬ ಲಸಿಕೆಯ ನಂತರವೂ ಮಕ್ಕಳಲ್ಲಿ ಏರಿಕೆ ಕಂಡಿತ್ತು. ಆ ಲಸಿಕೆ ಈಗ ಬಳಕೆಯಲ್ಲಿಲ್ಲ. ಇದನ್ನು ಕಾರಣವಾಗಿಟ್ಟುಕೊಂಡು ಮೊಮ್ಮಕ್ಕಳಿಗೆ ಬೇರೆ ಲಸಿಕೆಗಳನ್ನು ತಪ್ಪಿಸುವುದು ದೊಡ್ಡ ತಪ್ಪಾಗುತ್ತದೆ.

ನಾಶವಾದ ಕೋಶಗಳನ್ನು ಮರಳಿ ತರುವ ಚಿಕಿತ್ಸೆ ಇನ್ನೂ ಬಂದಿಲ್ಲ. ಹಾಗಾಗಿ ಮಧುಮೇಹ, ರಕ್ತದೊತ್ತಡಗಳಂತೆ ಇದನ್ನೂ ಜೀವನಪೂರ್ತಿ ಹತೋಟಿಯಲ್ಲಿಟ್ಟುಕೊಳ್ಳಬೇಕಾಗುತ್ತದೆ. ಇಲ್ಲವಾದ ಒರೆಕ್ಸಿನ್‌ನ ಕೆಲಸವನ್ನು ತಾವೇ ಮಾಡುವ, ಬಾಯಿಯಲ್ಲಿ ನುಂಗುವ ಹೊಸ ಔಷಧಗಳ ಪ್ರಯೋಗಗಳು ರೋಗಿಗಳ ಮೇಲೆ ನಡೆದು ಆಶಾದಾಯಕ ಫಲಿತಾಂಶ ಕೊಟ್ಟಿವೆ. ಮೊಮ್ಮಗನ ವಯಸ್ಸಿನವರು ಅದರ ಪ್ರಯೋಜನ ಪಡೆಯುತ್ತಾರೆಂದು ನಾನು ಮನಃಪೂರ್ವಕವಾಗಿ ನಂಬಿದ್ದೇನೆ.

ಪ್ರಶ್ನೆ: ನನ್ನ ಯಜಮಾನರಿಗೆ 46 ವರ್ಷ, ಲಾರಿ ಓಡಿಸುತ್ತಾರೆ. ಜೋರಾಗಿ ಗೊರಕೆ ಹೊಡೆಯುತ್ತಾರೆ, ನಡುವೆ ಉಸಿರೇ ನಿಂತಂತಾಗಿ ಗಕ್ಕನೆ ಏಳುತ್ತಾರೆ. ಎಂಟು ಗಂಟೆ ಮಲಗಿದರೂ ಬೆಳಿಗ್ಗೆ ತಲೆನೋವು, ಹಗಲಲ್ಲಿ ಕೂತಲ್ಲೇ ತೂಕಡಿಕೆ. ಇದೂ ನಾರ್ಕೊಲೆಪ್ಸಿಯೇ?
(ಓದುಗರು, ಹುಬ್ಬಳ್ಳಿ)

ಉತ್ತರ: ಅಲ್ಲವೆಂದೇ ತೋರುತ್ತದೆ, ಆದರೆ ಇದು ಅದಕ್ಕಿಂತ ಕಡಿಮೆ ಅಪಾಯದ್ದೇನೂ ಅಲ್ಲ. ನೀವು ವಿವರಿಸಿರುವುದು ನಿದ್ದೆಯಲ್ಲಿ ಗಂಟಲಿನ ದಾರಿ ಮುಚ್ಚಿಕೊಂಡು ಉಸಿರು ಕಟ್ಟುವ ಸ್ಲೀಪ್ ಆಪ್ನಿಯಾದ ಲಕ್ಷಣ. ಹಗಲಿನ ತೂಕಡಿಕೆಯಿಂದ ವೈದ್ಯರ ಬಳಿ ಬರುವ ನಡುವಯಸ್ಸಿನವರಲ್ಲಿ ನಾರ್ಕೊಲೆಪ್ಸಿಗಿಂತ ಇದು ಎಷ್ಟೋ ಪಟ್ಟು ಸಾಮಾನ್ಯ. ಉಸಿರು ಕಟ್ಟಿದಾಗಲೆಲ್ಲ ಮೆದುಳು ಕ್ಷಣಕಾಲ ಎಚ್ಚರಗೊಳ್ಳುವುದರಿಂದ ಎಂಟು ಗಂಟೆ ಮಲಗಿದರೂ ನಿದ್ದೆ ತುಂಡು ತುಂಡಾಗಿರುತ್ತದೆ. ಗಂಟೆಗೆ ಐದಕ್ಕಿಂತ ಹೆಚ್ಚು ಸಲ ಹೀಗಾದರೆ ಅದನ್ನು ಕಾಯಿಲೆಯೆಂದು ಪರಿಗಣಿಸುತ್ತಾರೆ, 30 ಮೀರಿದರೆ ತೀವ್ರ ಎನ್ನುತ್ತಾರೆ. ರಕ್ತದೊತ್ತಡ, ಹೃದಯದ ತೊಂದರೆ, ಪಾರ್ಶ್ವವಾಯುವಿನ ಅಪಾಯವನ್ನೂ ಇದು ಹೆಚ್ಚಿಸುತ್ತದೆ.

ಎಪ್‌ವರ್ತ್ ಮಾಪಕ ಎಂಬ ಸರಳ ಪ್ರಶ್ನಾವಳಿಯನ್ನು ಮನೆಯಲ್ಲೇ ತುಂಬಬಹುದು. ಓದುವಾಗ, ಟಿವಿ ನೋಡುವಾಗ, ಬಸ್ಸಿನಂಥ ವಾಹನದಲ್ಲಿ ಒಂದು ಗಂಟೆ ಪ್ರಯಾಣಿಸುವಾಗ, ಊಟದ ನಂತರ ಸುಮ್ಮನೆ ಕೂತಾಗ, ಮಾತನಾಡುತ್ತಿರುವಾಗಲೂ ತೂಕಡಿಕೆ ಬರುವ ಸಂಭವ ಎಷ್ಟು ಎಂಬಂಥ ಎಂಟು ಸನ್ನಿವೇಶಗಳಿಗೆ ಸೊನ್ನೆಯಿಂದ ಮೂರರವರೆಗೆ ಅಂಕ ಕೊಡುವುದು ಅದರ ಕ್ರಮ; 24ರಲ್ಲಿ ಹತ್ತು ಮೀರಿದರೆ ತಪಾಸಣೆ ಬೇಕು. ಯಜಮಾನರು ತಾವೇ ಹಾಕಿಕೊಂಡ ಅಂಕದ ಪಕ್ಕದಲ್ಲಿ ನೀವು ಹಾಕುವ ಅಂಕವನ್ನೂ ಬರೆಯಿರಿ. ದುಡಿಮೆ ಕೈತಪ್ಪೀತೆಂಬ ಭಯದಲ್ಲಿ ಚಾಲಕರು ಕಡಿಮೆ ಹೇಳುವುದು ಸಹಜ.

ತಪಾಸಣೆ ಮತ್ತು ಚಿಕಿತ್ಸೆ ಆಗುವವರೆಗೆ ಅವರು ಲಾರಿ ಓಡಿಸಬಾರದು. ಮನೆಯ ಆದಾಯ ಅದರ ಮೇಲೆ ನಿಂತಿದೆ ಎಂಬುದು ಗೊತ್ತಿದ್ದೇ ಇದನ್ನು ಬರೆಯುತ್ತಿದ್ದೇನೆ. ಕಿಟಕಿ ತೆರೆಯುವುದು, ಹಾಡು ಹಾಕುವುದು, ಮುಖಕ್ಕೆ ನೀರು ಚಿಮುಕಿಸುವುದು ನಿದ್ದೆಯನ್ನು ಕೆಲವು ನಿಮಿಷ ಮುಂದೂಡುತ್ತವೆ, ಅಷ್ಟೇ. ತೂಕಡಿಕೆ ಶುರುವಾದ ಮೇಲೆ ಗಾಡಿಯನ್ನು ರಸ್ತೆಯಿಂದ ಪೂರ್ತಿ ಹೊರಗೆ ನಿಲ್ಲಿಸಿ ಮಲಗುವುದೊಂದೇ ದಾರಿ. ಚಿಕಿತ್ಸೆ ಪರಿಣಾಮಕಾರಿ ಎಂಬುದು ಸಮಾಧಾನದ ಸಂಗತಿ. 1981ರಲ್ಲಿ ಆಸ್ಟ್ರೇಲಿಯದ ಕಾಲಿನ್ ಸಲಿವನ್ ಅವರು ಪರಿಚಯಿಸಿದ ಸಿಪ್ಯಾಪ್ ಯಂತ್ರ, ಮೂಗಿಗೆ ಹಾಕಿದ ಮಾಸ್ಕಿನ ಮೂಲಕ ಗಾಳಿಯ ಒತ್ತಡ ಕೊಟ್ಟು ಗಂಟಲಿನ ದಾರಿಯನ್ನು ತೆರೆದಿಡುತ್ತದೆ. ಮೊದಲ ಕೆಲವು ರಾತ್ರಿ ಕಿರಿಕಿರಿ ಎನಿಸುತ್ತದೆ. ಮಾಸ್ಕಿನ ಅಳತೆ ಸರಿಪಡಿಸಿಕೊಂಡು ರೂಢಿಸಿಕೊಂಡವರಲ್ಲಿ ಬಹುಮಂದಿಗೆ ಕೆಲವೇ ವಾರಗಳಲ್ಲಿ ಹಗಲು ಹಗುರವಾಗುತ್ತದೆ. ತೂಕ ಇಳಿಸುವುದು, ರಾತ್ರಿ ಮದ್ಯ ಬಿಡುವುದು, ಪಕ್ಕಕ್ಕೆ ತಿರುಗಿ ಮಲಗುವುದು ಇದರ ಜೊತೆಗೆ ಸಾಗಬೇಕು. ಥೈರಾಯ್ಡ್ ಮತ್ತು ಹಿಮೋಗ್ಲೋಬಿನ್ ಪರೀಕ್ಷೆಯನ್ನೂ ಒಮ್ಮೆ ಮಾಡಿಸಿ.

ಪ್ರಶ್ನೆ: ನನಗೆ 27 ವರ್ಷ. ನಾರ್ಕೊಲೆಪ್ಸಿಗಾಗಿ ಮೂರು ವರ್ಷದಿಂದ ಮೊಡಾಫಿನಿಲ್ ಮತ್ತು ವೆನ್ಲಾಫಾಕ್ಸಿನ್ ತೆಗೆದುಕೊಳ್ಳುತ್ತಿದ್ದೇನೆ, ಕೆಲಸಕ್ಕೂ ಹೋಗುತ್ತಿದ್ದೇನೆ. ಈಗ ಮದುವೆಗೆ ಒಂದು ಸಂಬಂಧ ಕೂಡಿಬಂದಿದೆ. ಕಾಯಿಲೆಯ ವಿಷಯ ಹೇಳುವುದು ಬೇಡ, ಮದುವೆಯಾಗುವವರೆಗೆ ಮಾತ್ರೆ ನಿಲ್ಲಿಸು ಎನ್ನುತ್ತಾರೆ ಅಮ್ಮ. ಮಕ್ಕಳಿಗೂ ಇದು ಬರುತ್ತದೆಯೇ?
(ಓದುಗರು, ಮೈಸೂರು)

ಉತ್ತರ: ಮಾತ್ರೆಗಳನ್ನು ಹಾಗೆ ನಿಲ್ಲಿಸಲೇಬೇಡಿ. ವೆನ್ಲಾಫಾಕ್ಸಿನ್‌ನಂಥ ಔಷಧವನ್ನು ಒಮ್ಮೆಲೇ ಬಿಟ್ಟರೆ ಕ್ಯಾಟಪ್ಲೆಕ್ಸಿ ಮೊದಲಿಗಿಂತ ತೀವ್ರವಾಗಿ, ದಿನಕ್ಕೆ ಹಲವು ಬಾರಿ ಮರುಕಳಿಸುವುದುಂಟು. ನಗು, ಗದ್ದಲ, ನಿದ್ದೆಗೇಡು ಎಲ್ಲವೂ ತುಂಬಿರುವ ಮದುವೆ ಮನೆಯಲ್ಲಿ ಅದು ಆಗಬಾರದು.

ಮೊಡಾಫಿನಿಲ್ ಬಗ್ಗೆ ಮದುವೆಯಾಗುವ ಹೆಣ್ಣುಮಕ್ಕಳಿಗೆ ತಿಳಿದಿರಲೇಬೇಕಾದ ಎರಡು ಸಂಗತಿಗಳನ್ನು ಚೀಟಿ ಬರೆಯುವಾಗ ಎಲ್ಲರೂ ಹೇಳುವುದಿಲ್ಲ. ಮೊದಲನೆಯದು, ಅದು ಗರ್ಭನಿರೋಧಕ ಮಾತ್ರೆಯಲ್ಲಿರುವ ಹಾರ್ಮೋನನ್ನು ಯಕೃತ್ತು ಬೇಗ ಒಡೆದುಹಾಕುವಂತೆ ಮಾಡಿ ಮಾತ್ರೆಯ ಪರಿಣಾಮವನ್ನು ಕುಗ್ಗಿಸುತ್ತದೆ. ಮೊಡಾಫಿನಿಲ್ ತೆಗೆದುಕೊಳ್ಳುವಷ್ಟು ಕಾಲವೂ, ನಿಲ್ಲಿಸಿದ ಮೇಲೆ ಕನಿಷ್ಠ ಒಂದು ತಿಂಗಳೂ ಬೇರೆ ವಿಧಾನ ಬೇಕು. ತಾಮ್ರದ ಕಾಪರ್-ಟಿ ಅಥವಾ ನಿರೋಧ್‌ಗೆ ಈ ತೊಂದರೆಯಿಲ್ಲ. ಎರಡನೆಯದು, ಗರ್ಭಿಣಿಯಾದಾಗ ಈ ಔಷಧ ಸೇವಿಸಿದವರ ಶಿಶುಗಳಲ್ಲಿ ಅಂಗವೈಕಲ್ಯದ ಪ್ರಮಾಣ ಹೆಚ್ಚಿರಬಹುದೆಂಬ ಎಚ್ಚರಿಕೆ ಬಂದಿದೆ. ಆದ್ದರಿಂದ ಮಗು ಬೇಕೆಂದು ನಿರ್ಧರಿಸುವ ಕೆಲವು ತಿಂಗಳ ಮುಂಚೆಯೇ ನರರೋಗ ತಜ್ಞರು ಮತ್ತು ಸ್ತ್ರೀರೋಗ ತಜ್ಞರು ಇಬ್ಬರ ಜೊತೆಗೂ ಕೂತು ಯೋಜನೆ ಮಾಡಿಕೊಳ್ಳಿ. ಆ ಅವಧಿಯಲ್ಲಿ ನಿಗದಿತ ಹಗಲು ನಿದ್ದೆ, ಕೆಲಸದ ಹೊತ್ತಿನ ಬದಲಾವಣೆ, ಮನೆಯವರ ನೆರವಿನಿಂದ ಹಲವರು ಸಂಭಾಳಿಸಿಕೊಂಡಿದ್ದಾರೆ.

ಮಕ್ಕಳ ವಿಷಯದಲ್ಲಿ ಆತಂಕ ಬೇಡ. ತಂದೆ ಅಥವಾ ತಾಯಿಗೆ ನಾರ್ಕೊಲೆಪ್ಸಿ ಇದ್ದಾಗ ಮಗುವಿಗೆ ಬರುವ ಸಂಭವ ನೂರರಲ್ಲಿ ಒಂದರಿಂದ ಎರಡು. ಅದು ಸಾಮಾನ್ಯ ಜನರಿಗಿಂತ ಹೆಚ್ಚು ನಿಜ, ಆದರೂ ನೂರರಲ್ಲಿ 98 ಮಕ್ಕಳಿಗೆ ಬರುವುದಿಲ್ಲ.

ಹೇಳಬೇಕೇ ಬೇಡವೇ ಎಂಬುದಕ್ಕೆ ವೈದ್ಯಶಾಸ್ತ್ರದಲ್ಲಿ ಉತ್ತರವಿಲ್ಲ. ನನ್ನ ಅಭಿಪ್ರಾಯ ಕೇಳುವುದಾದರೆ, ಹೇಳಿ. ರಾತ್ರಿ ಪಕ್ಕದಲ್ಲಿ ಮಲಗುವ ವ್ಯಕ್ತಿಯಿಂದ ನಿದ್ದೆಯ ಕಾಯಿಲೆಯನ್ನು ಮುಚ್ಚಿಡಲು ಆಗದು; ಮುಚ್ಚಿಟ್ಟಷ್ಟು ದಿನವೂ ನಿಮಗೆ ಬೇಕಾದ ಆ ಇಪ್ಪತ್ತು ನಿಮಿಷದ ಹಗಲು ನಿದ್ದೆಯನ್ನು ಕಳ್ಳತನದಂತೆ ಮಾಡಬೇಕಾಗುತ್ತದೆ. ಹುಡುಗನ ಜೊತೆ ನೀವೇ ಮಾತನಾಡಿ, ಬಯಸಿದರೆ ನಿಮ್ಮ ವೈದ್ಯರ ಬಳಿಗೆ ಒಮ್ಮೆ ಕರೆದುಕೊಂಡು ಹೋಗಿ. ನೀವು ಮೂರು ವರ್ಷದಿಂದ ಕೆಲಸ ಮಾಡಿಕೊಂಡಿದ್ದೀರಿ ಎಂಬುದೇ ನಿಮ್ಮ ಪರವಾದ ದೊಡ್ಡ ಸಾಕ್ಷಿ. ಅಮ್ಮನವರ ಭಯ ನಿಮ್ಮ ಮೇಲಿನ ಪ್ರೀತಿಯಿಂದಲೇ ಹುಟ್ಟಿದ್ದು. ಈ ಉತ್ತರವನ್ನು ಅವರಿಗೂ ಓದಿ ಹೇಳಿ.

ಪ್ರಶ್ನೆ: ಬೆಳಗಿನ ಜಾವ ಎಚ್ಚರವಾಗುತ್ತದೆ, ಆದರೆ ಕೈಕಾಲು ಅಲ್ಲಾಡಿಸಲು ಆಗುವುದಿಲ್ಲ. ಎದೆಯ ಮೇಲೆ ಯಾರೋ ಕೂತಂತೆ, ಕೋಣೆಯಲ್ಲಿ ಯಾರೋ ನಿಂತಂತೆ ಅನಿಸುತ್ತದೆ. ತಿಂಗಳಿಗೊಮ್ಮೆ ಆಗುತ್ತದೆ. ಹಗಲಲ್ಲಿ ನಿದ್ದೆಯ ತೊಂದರೆ ಇಲ್ಲ. ಹಾಸ್ಟೆಲಿನ ಕೋಣೆ ಬದಲಾಯಿಸಬೇಕೇ?
(ವಿದ್ಯಾರ್ಥಿ, ದಾವಣಗೆರೆ)

ಉತ್ತರ: ಇದು ನಿದ್ರಾ ಪಾರ್ಶ್ವವಾಯು. ಕನಸಿನ ನಿದ್ದೆಯ ಸ್ನಾಯು ಸಡಿಲಿಕೆ ಮುಗಿಯುವ ಮೊದಲೇ ಮನಸ್ಸು ಎಚ್ಚರಗೊಂಡಾಗ, ಕನಸಿನ ಚಿತ್ರವೂ ಕಣ್ಣೆದುರು ಉಳಿದಿರುವುದರಿಂದ ಹೀಗಾಗುತ್ತದೆ. ನಾರ್ಕೊಲೆಪ್ಸಿ ಇರುವವರಲ್ಲಿ ಇದು ಹೆಚ್ಚು ಕಾಣುತ್ತದೆ ನಿಜ, ಆದರೆ ಆರೋಗ್ಯವಂತರಲ್ಲಿ ಅನೇಕರಿಗೆ ಬದುಕಿನಲ್ಲಿ ಒಮ್ಮೆಯಾದರೂ ಆಗುವಂಥದ್ದು. ಹಗಲಿನ ನಿದ್ದೆಯಾಗಲಿ ನಕ್ಕಾಗ ಕುಸಿಯುವುದಾಗಲಿ ಇಲ್ಲದಿರುವುದರಿಂದ ನಿಮಗೆ ಸದ್ಯಕ್ಕೆ ಪರೀಕ್ಷೆಗಳ ಅಗತ್ಯ ಕಾಣುವುದಿಲ್ಲ. ನಿದ್ದೆಗೆಟ್ಟಾಗ, ಅಂಗಾತ ಮಲಗಿದಾಗ ಇದು ಹೆಚ್ಚು. ಆ ಕ್ಷಣದಲ್ಲಿ ಒಂದು ಬೆರಳನ್ನು ಅಲ್ಲಾಡಿಸಲು ಪ್ರಯತ್ನಿಸುತ್ತ ಉಸಿರಿನ ಮೇಲೆ ಗಮನವಿಡಿ, ತಾನಾಗಿ ಬಿಡುತ್ತದೆ. ಹಾಸ್ಟೆಲಿನಲ್ಲಿ ಕೋಣೆ ಬದಲಾಯಿಸುವ ಅಗತ್ಯವಿಲ್ಲ.

ಪ್ರಶ್ನೆ: ನೀಟ್ ಪರೀಕ್ಷೆಗೆ ಓದುತ್ತಿದ್ದೇನೆ. ರಾತ್ರಿಯಿಡೀ ಓದಲು ಸ್ನೇಹಿತರು ಮೊಡಾಫಿನಿಲ್ ತೆಗೆದುಕೊಳ್ಳುತ್ತಾರೆ. ನಾನೂ ತೆಗೆದುಕೊಳ್ಳಬಹುದೇ?
(ವಿದ್ಯಾರ್ಥಿನಿ, ತುಮಕೂರು)

ಉತ್ತರ: ಬೇಡ. ಅದು ವೈದ್ಯರ ಚೀಟಿಯ ಮೇಲೆ ಮಾತ್ರ ಮಾರಬೇಕಾದ ಔಷಧ. ಅದು ನಿದ್ದೆಯ ಅಗತ್ಯವನ್ನು ಕಡಿಮೆ ಮಾಡುವುದಿಲ್ಲ, ನಿದ್ದೆ ಬರುತ್ತಿದೆ ಎಂಬ ಅರಿವನ್ನಷ್ಟೇ ತಡೆಹಿಡಿಯುತ್ತದೆ. ಓದಿದ್ದು ನೆನಪಿನಲ್ಲಿ ಗಟ್ಟಿಯಾಗುವುದೇ ನಿದ್ದೆಯಲ್ಲಿ. ತಲೆನೋವು, ಆತಂಕ, ಎದೆಬಡಿತ, ಅಪರೂಪಕ್ಕೆ ಜೀವಕ್ಕೇ ಕುತ್ತಾಗುವ ಚರ್ಮದ ದದ್ದು ಇದರ ಅಡ್ಡಪರಿಣಾಮಗಳು. ಈಗಾಗಲೇ ನುಂಗಿರುವ ನಿಮ್ಮ ಸ್ನೇಹಿತರಲ್ಲಿ ಯಾರಿಗಾದರೂ ದದ್ದು, ಬಾಯಿಹುಣ್ಣು, ಜ್ವರ ಒಟ್ಟಿಗೆ ಕಾಣಿಸಿಕೊಂಡರೆ ಆ ದಿನವೇ ಆಸ್ಪತ್ರೆಗೆ ಹೋಗಲು ಹೇಳಿ.

ಪ್ರಶ್ನೆ: ನನ್ನ ಮಗನಿಗೆ 23 ವರ್ಷ. ರಾತ್ರಿ ಹತ್ತಕ್ಕೆ ಮಲಗಿದರೆ ಬೆಳಿಗ್ಗೆ ಒಂಬತ್ತಾದರೂ ಏಳುವುದಿಲ್ಲ. ಮೂರು ಅಲಾರಂ ಇಟ್ಟರೂ, ಎಬ್ಬಿಸಿದರೂ ಅಮಲಿನಲ್ಲಿರುವವನಂತೆ ತೊದಲುತ್ತಾನೆ, ಸಿಟ್ಟಾಗುತ್ತಾನೆ, ಆಮೇಲೆ ಅದು ನೆನಪಿರುವುದಿಲ್ಲ. ಮಧ್ಯಾಹ್ನ ಎರಡು ಗಂಟೆ ಮಲಗಿದರೂ ಹಾಯೆನಿಸುವುದಿಲ್ಲ. ಎರಡು ಕೆಲಸ ಕಳೆದುಕೊಂಡಿದ್ದಾನೆ. ನೆಂಟರೆಲ್ಲ ಕುಂಭಕರ್ಣ ಎನ್ನುತ್ತಾರೆ.
(ತಂದೆ, ಮಂಗಳೂರು)

ಉತ್ತರ: ಆ ಅಡ್ಡಹೆಸರು ನಿಲ್ಲಲಿ ಎಂದು ಮೊದಲು ಕೇಳಿಕೊಳ್ಳುತ್ತೇನೆ. ಕ್ಯಾಟಪ್ಲೆಕ್ಸಿ ಇಲ್ಲದೆ, ಉದ್ದವಾದ ರಾತ್ರಿ ನಿದ್ದೆ, ಏಳುವಾಗಿನ ಅಮಲು, ಎಷ್ಟು ಮಲಗಿದರೂ ಚೇತರಿಕೆ ಕೊಡದ ಹಗಲು ನಿದ್ದೆ ಒಟ್ಟಿಗೆ ಇದ್ದಾಗ ಇಡಿಯೋಪತಿಕ್ ಹೈಪರ್‌ಸೋಮ್ನಿಯಾ ಎಂಬ ಬೇರೆ ಕಾಯಿಲೆಯನ್ನು ಯೋಚಿಸಬೇಕಾಗುತ್ತದೆ. ನಾರ್ಕೊಲೆಪ್ಸಿಯಲ್ಲಿ ಹತ್ತು ಹದಿನೈದು ನಿಮಿಷದ ನಿದ್ದೆ ಹೊಸ ಚೈತನ್ಯ ಕೊಡುತ್ತದೆ, ಇದರಲ್ಲಿ ಕೊಡುವುದಿಲ್ಲ. ಎರಡನ್ನೂ ಬೇರ್ಪಡಿಸಲು ವೈದ್ಯರು ಕೇಳುವ ಮುಖ್ಯ ಪ್ರಶ್ನೆಗಳಲ್ಲಿ ಇದೂ ಒಂದು. ಇದರಲ್ಲಿ ಒರೆಕ್ಸಿನ್ ಮಟ್ಟ ಸಾಮಾನ್ಯವಾಗಿಯೇ ಇರುತ್ತದೆ, ಕಾರಣ ಇನ್ನೂ ಸ್ಪಷ್ಟವಾಗಿಲ್ಲ. ದಿನದ 24 ಗಂಟೆಗಳಲ್ಲಿ ಒಟ್ಟು 11 ಗಂಟೆ ಅಥವಾ ಅದಕ್ಕಿಂತ ಹೆಚ್ಚು ನಿದ್ದೆ ದಾಖಲಾಗುವುದು ರೋಗನಿರ್ಣಯದ ಒಂದು ಆಧಾರ.

ಆದರೆ ಆ ಹೆಸರನ್ನು ಕೊನೆಯಲ್ಲಿ ಇಡಬೇಕೇ ಹೊರತು ಮೊದಲಲ್ಲ. ಮಗ ಹತ್ತಕ್ಕೆ ಮಲಗಲು ಹೋಗಿ ಎರಡು ಗಂಟೆಯವರೆಗೆ ಮೊಬೈಲ್ ನೋಡುತ್ತಿದ್ದರೆ ಕಾಯಿಲೆಯೇ ಬೇರೆ. ಖಿನ್ನತೆ ಇದೆಯೇ ಎಂಬುದನ್ನು ನಿಧಾನವಾಗಿ ವಿಚಾರಿಸಬೇಕು. ಎರಡು ಕೆಲಸ ಕಳೆದುಕೊಂಡ ಯುವಕನಿಗೆ ಅದು ಕಾರಣವಾಗಿಯೂ ಇರಬಹುದು, ಫಲವಾಗಿಯೂ ಇರಬಹುದು. ಶೀತ, ಅಲರ್ಜಿಗೆಂದು ನುಂಗುವ ಸಿಟ್ರಿಜಿನ್‌ನಂಥ ಮಾತ್ರೆಗಳು, ಆತಂಕಕ್ಕೆ ಕೊಡುವ ಮಾತ್ರೆಗಳು, ಗಾಂಜಾ ಮತ್ತು ಮದ್ಯ ಎಲ್ಲವನ್ನೂ ವೈದ್ಯರಿಗೆ ಮುಚ್ಚುಮರೆಯಿಲ್ಲದೆ ಹೇಳಬೇಕು. ಥೈರಾಯ್ಡ್, ಹಿಮೋಗ್ಲೋಬಿನ್, ಸಕ್ಕರೆ ಪರೀಕ್ಷೆ ಆಗಲಿ. ಗೊರಕೆ ಇದ್ದರೆ ತಿಳಿಸಿ. ಈ ನಿದ್ದೆ ದಿನವೂ ಇರುತ್ತದೆಯೋ ಅಥವಾ ಒಂದೆರಡು ವಾರ ಬಂದು ಪೂರ್ತಿ ಬಿಟ್ಟುಹೋಗುತ್ತದೆಯೋ ಎಂಬುದನ್ನೂ ಗಮನಿಸಿ: ಹದಿಹರೆಯದ ಹುಡುಗರಲ್ಲಿ ಹೆಚ್ಚಾಗಿ ಕಾಣುವ ಕ್ಲೈನ್-ಲೆವಿನ್ ಸಿಂಡ್ರೋಮ್ ಎಂಬ ಅತಿ ವಿರಳ ಕಾಯಿಲೆಯಲ್ಲಿ ದಿನಕ್ಕೆ 16ರಿಂದ 20 ಗಂಟೆ ಮಲಗುವ ಅವಧಿಗಳು ಬಂದುಹೋಗುತ್ತವೆ, ನಡುವಿನ ತಿಂಗಳುಗಳಲ್ಲಿ ಹುಡುಗ ಎಲ್ಲರಂತೆಯೇ ಇರುತ್ತಾನೆ.

ಚಿಕಿತ್ಸೆಗೆ ಇಲ್ಲಿಯೂ ಮೊಡಾಫಿನಿಲ್ ಸಾಮಾನ್ಯವಾಗಿ ಮೊದಲ ಆಯ್ಕೆ. ಸೋಡಿಯಂ ಕಡಿಮೆಯಿರುವ ಆಕ್ಸಿಬೇಟ್ ಔಷಧಕ್ಕೆ ಅಮೆರಿಕದಲ್ಲಿ 2021ರಲ್ಲಿ ಈ ಕಾಯಿಲೆಗಾಗಿಯೇ ಅನುಮತಿ ದೊರೆಯಿತು. ಕೆಲವು ವೈದ್ಯರು ಬೆಳಗಿನ ಮಾತ್ರೆಯನ್ನು ಏಳುವ ಒಂದು ಗಂಟೆ ಮೊದಲೇ ಮನೆಯವರಿಂದ ಕೊಡಿಸಿ, ರೋಗಿಯನ್ನು ಮತ್ತೆ ಮಲಗಲು ಬಿಟ್ಟು, ಔಷಧ ಕೆಲಸ ಮಾಡಲು ಶುರುಮಾಡಿದ ಮೇಲೆ ಎಬ್ಬಿಸುವ ಕ್ರಮವನ್ನು ಸೂಚಿಸುತ್ತಾರೆ. ನಿಮ್ಮ ಮಗನಿಗೆ ಇದು ಹೊಂದುತ್ತದೆಯೇ ಎಂದು ಕೇಳಿ ನೋಡಿ. ತಜ್ಞರನ್ನು ಕಾಣಲು ಹೋಗುವಾಗ ಎರಡು ವಾರದ ನಿದ್ದೆಯ ದಿನಚರಿ, ಈಗ ತೆಗೆದುಕೊಳ್ಳುತ್ತಿರುವ ಎಲ್ಲ ಮಾತ್ರೆಗಳ ಪಟ್ಟಿ, ಏಳುವಾಗಿನ ಅಮಲಿನ ಒಂದು ಮೊಬೈಲ್ ವಿಡಿಯೊ ಇಷ್ಟನ್ನೂ ಜೊತೆಗೆ ಒಯ್ಯಿರಿ. ಚಿತ್ರೀಕರಿಸುವ ಮುಂಚೆ ಮಗನ ಒಪ್ಪಿಗೆ ಪಡೆಯಿರಿ, ಭೇಟಿಗೆ ಮಧ್ಯಾಹ್ನದ ನಂತರದ ಸಮಯವನ್ನೇ ಕೇಳಿ.